ನಾಯಕಿ ಪಟ್ಟ ಬಿಟ್ಟು ಅಮ್ಮನಾಗಿದ್ದು

ನಮ್ಮ ಹವ್ಯಾಸಿ ನಾಟಕ ತಂಡದಲ್ಲಿ ಹದಿನೆಂಟು ವರ್ಷ ನಾನೇ ನಾಯಕಿ. ನನಗೆ 43 ತುಂಬಿದ ವರ್ಷ ನಿರ್ದೇಶಕರು ಅರವತ್ತರ ತಾಯಿಯ ಪಾತ್ರ ಕೊಟ್ಟರು. ಮಗನ ಪಾತ್ರದವನು ನನಗಿಂತ ಮೂರೇ ವರ್ಷ ಚಿಕ್ಕವನು. ಹಿಂದಿನ ನಾಟಕದಲ್ಲಿ ಅವನೇ ನನ್ನ ಗಂಡ! ಎರಡು ದಿನ ಮುಖ ಊದಿಸಿಕೊಂಡಿದ್ದೆ.

ಮೊದಲ ರಿಹರ್ಸಲ್‌ಗೆ ಬೆನ್ನು ಬಗ್ಗಿಸಿದೆ, ದನಿ ನಡುಗಿಸಿದೆ, ಕೂದಲಿಗೆ ಪೌಡರ್ ಕೂಡ ಬಳಿದೆ. "ಇದು ಮುದುಕಿಯ ಮಿಮಿಕ್ರಿ, ಇದರಲ್ಲಿ ಅಮ್ಮ ಎಲ್ಲಿ?" ಎಂದರು ನಿರ್ದೇಶಕರು.

ಆಗ ನೆನಪಾದವರು ಲೀಲಾವತಿ. 1960ರ 'ರಣಧೀರ ಕಂಠೀರವ'ದಲ್ಲಿ ಅವರು ರಾಜ್‌ಕುಮಾರ್‌ಗೆ ನಾಯಕಿ. 1976ರ 'ನಾ ನಿನ್ನ ಮರೆಯಲಾರೆ'ಯಲ್ಲಿ ಅದೇ ರಾಜ್‌ಕುಮಾರ್‌ಗೆ ತಾಯಿ. ನಿಜಕ್ಕೆ ನೋಡಿದರೆ ಲೀಲಾವತಿಗಿಂತ ರಾಜ್‌ಕುಮಾರ್ ಎಂಟು ವರ್ಷ ದೊಡ್ಡವರು. ಸಿನಿಮಾ ನೋಡುವಾಗ ಈ ಲೆಕ್ಕ ನನ್ನ ತಲೆಗೇ ಬಂದಿರಲಿಲ್ಲ. ಲೀಲಾವತಿ ಬೆಳ್ತಂಗಡಿ ಕಡೆಯವರು, ಮಹಾಲಿಂಗ ಭಾಗವತರ ನಾಟಕ ಕಂಪನಿಯಲ್ಲಿ ಪಳಗಿ ಸಿನಿಮಾಕ್ಕೆ ಹೋದವರು. ನಾನೂ ನಾಟಕದವಳೇ, ಹಾಗಾಗಿ ಸ್ವಲ್ಪ ಸಲುಗೆ ಅಂತಿಟ್ಟುಕೊಳ್ಳಿ.

ಸಿಕ್ಕ ಅವರ ಸಿನಿಮಾಗಳನ್ನು ಹಳೆಯದರಿಂದ ಹೊಸದಕ್ಕೆ ಸಾಲಾಗಿ ನೋಡಿದೆ. ಸೌಂಡ್ ಪೂರ್ತಿ ಬಂದ್. ಮಾತು ಕೇಳಿಸಿದರೆ ಕಥೆಯ ಹಿಂದೆ ಹೋಗಿಬಿಡುತ್ತೇವೆ, ಮೈ ಏನು ಮಾಡುತ್ತಿದೆ ಅನ್ನೋದು ತಪ್ಪಿಹೋಗುತ್ತದೆ.

ಜಾಸ್ತಿ ಹೊತ್ತು ಕೂತಿದ್ದು ಪುಟ್ಟಣ್ಣ ಕಣಗಾಲ್ ಅವರ 'ಗೆಜ್ಜೆಪೂಜೆ' ಮುಂದೆ. ಅದರಲ್ಲಿ ಲೀಲಾವತಿ ಅಪರ್ಣಾ ಪಾತ್ರದಲ್ಲಿ, ಅಪರ್ಣಾಳ ಮಗಳು ಚಂದ್ರಾ ಆಗಿ ಕಲ್ಪನಾ. ಮಗಳನ್ನು ವೇಶ್ಯಾವೃತ್ತಿಯ ಬಾಳಿಗೆ ತಳ್ಳಲೂ ಮನಸ್ಸಿಲ್ಲ, ಅದರಿಂದ ಬಿಡಿಸಲೂ ಕೈಲಾಗದು, ಅಂಥ ತಾಯಿ. ಇಬ್ಬರು ನಟಿಯರಿಗೂ ಐದಾರು ವರ್ಷದ ಅಂತರ ಅಷ್ಟೆ. ಲೀಲಾವತಿ ಅವರಿಗೆ ಇನ್ನೂ ಮೂವತ್ತರ ಆಸುಪಾಸು. ಅಂಥ ವಯಸ್ಸಲ್ಲಿ ನಾಯಕಿಯ ತಾಯಿ ಆಗಲು ನಾನಾಗಿದ್ದರೆ ಒಪ್ಪುತ್ತಿರಲಿಲ್ಲ, ಸುಮ್ನೆ ಯಾಕೆ ಸುಳ್ಳು ಹೇಳಲಿ. ಅವರಿಗೆ ಆ ಪಾತ್ರಕ್ಕೆ 1969–70ರ ರಾಜ್ಯ ಪ್ರಶಸ್ತಿ ಬಂತು.

ನೋಡಿ ನೋಡಿ ನನಗೆ ತಿಳಿದಿದ್ದು ಒಂದೇ. ನಾಯಕಿಗೆ ತನ್ನನ್ನು ಎಲ್ಲರೂ ನೋಡುತ್ತಿದ್ದಾರೆ ಅನ್ನೋದು ಗೊತ್ತಿರುತ್ತದೆ. ಕತ್ತು, ಜಡೆ, ನಿಲುವು ಎಲ್ಲ ಅದಕ್ಕೇ ಸಜ್ಜು. ಅಮ್ಮನಿಗೆ ಆ ಪರಿವೆಯೇ ಇಲ್ಲ, ಅವಳ ಕಣ್ಣು ಸದಾ ಇನ್ನೊಬ್ಬರ ಮೇಲೆ. ನಾನೋ, ಮಗನ ಜತೆ ಮಾತಾಡುವಾಗಲೂ ಪ್ರೇಕ್ಷಕರ ಕಡೆಗೇ ಮುಖ ತಿರುಗಿಸಿ ನಿಲ್ಲುತ್ತಿದ್ದೆ. ಹದಿನೆಂಟು ವರ್ಷದ ಚಾಳಿ.

ಬೆನ್ನು ನೆಟ್ಟಗೆ ಮಾಡಿದೆ. ಪೌಡರ್ ಬಿಟ್ಟೆ. ಕೈಗೊಂದು ಮೊರ ಕೇಳಿ ಇಸಿದುಕೊಂಡೆ. ಮನೆಯಲ್ಲಿ ದಿನಾ ಅಕ್ಕಿ ಆರಿಸುತ್ತಾ ಸಂಭಾಷಣೆ ಹೇಳಿಕೊಂಡೆ. ಬೆರಳು ಕಲ್ಲು ಹುಡುಕುತ್ತಿರಬೇಕು, ಕಿವಿ ಬಾಗಿಲ ಕಡೆ ಇರಬೇಕು, ಮಗ ಒಳಗೆ ಬಂದಾಗ ಮೊದಲು ಅವನ ಕಾಲು ನೋಡಬೇಕು, ಆಮೇಲೆ ಮುಖ. ಕಾಲು ನೋಡೋದು ನಮ್ಮತ್ತೆಯಿಂದ ಕದ್ದಿದ್ದು. ಕೆಸರು ತುಳಿದು ಬಂದಿದ್ದೇವಾ ಅಂತ ಅವರು ನೋಡೋದೇ ಹಾಗೆ. ಅಕ್ಕಿಯಂತೂ ಆ ತಿಂಗಳು ಒಂದು ಕಲ್ಲೂ ಇಲ್ಲದೆ ಬೆಂದಿತು.

ಮೊದಲ ಪ್ರದರ್ಶನದಲ್ಲಿ ಎಡವಿದ್ದು ದನಿಯಲ್ಲಿ. ಹಿಂದೆ ಸಿನಿಮಾದಲ್ಲಿ ಕೇಳಿದ್ದ ಮೆಲುದನಿಯನ್ನು ಹಾಗೇ ರಂಗಕ್ಕೆ ತಂದಿದ್ದೆ. ಅಲ್ಲಿ ಮೂತಿಯ ಹತ್ತಿರವೇ ಮೈಕು, ಇಲ್ಲಿ ನೂರಡಿ ಆಚೆ ಕೊನೆಯ ಸಾಲು. "ಕೇಳಿಸ್ತಿಲ್ಲ ಕಣಮ್ಮಾ!" ಎಂದು ಹಿಂದಿನಿಂದ ಯಾರೋ ಕೂಗಿದರು. ಎರಡನೇ ಪ್ರದರ್ಶನಕ್ಕೆ ದನಿ ಎತ್ತಿದೆ. ಆದರೆ ಮಗ "ನಾನು ಹೊರಡ್ತೀನಿ" ಎಂದ ಮೇಲೆ ಕೂಡಲೇ ಉತ್ತರ ಕೊಡಲಿಲ್ಲ. ಮೊರದಿಂದ ಎರಡು ಕಲ್ಲು ಆರಿಸಿ ಆಚೆ ಹಾಕಿದೆ. ಆಮೇಲೆ ಕೇಳಿದೆ, "ಊಟ ಮಾಡ್ಕೊಂಡ್ ಹೋಗ್ತೀಯೇನೋ?"

ಈ ಸಲ ಹಿಂದಿನ ಸಾಲಿನಿಂದ ಯಾರೂ ಕೂಗಲಿಲ್ಲ. ಮಗ ಮಾತ್ರ ಮುಂದಿನ ಮಾತು ಮರೆತು ನಿಂತಿದ್ದ. ನಾನೇ ಮೆಲ್ಲಗೆ ನೆನಪಿಸಬೇಕಾಯಿತು.