ಬಿಲ್ ನಿಂತಿದೆಯಾ? ಅಳತೆ ಪುಸ್ತಕದಿಂದ ಕೋರ್ಟಿನವರೆಗೆ ದಾರಿ ಹೀಗಿದೆ

ಸರ್ಕಾರದ ಗುತ್ತಿಗೆ ಹಿಡಿದು ನೀವು ಮಾಡಿದ ರಸ್ತೆ ಮುಗಿದು ಎರಡು ಮಳೆಗಾಲ ಕಳೆದಿದೆ. ಬಸ್ಸು ಓಡಾಡುತ್ತಿದೆ. ಫೈನಲ್ ಬಿಲ್ ಮಾತ್ರ ವಿಭಾಗ ಕಚೇರಿಯ ಕಪಾಟಿನಲ್ಲೇ ಇದೆ. ಕೇಳಿದರೆ ‘ಎಲ್‌ಒಸಿ ಬಂದಿಲ್ಲ’, ಅಂದರೆ ಹಣ ಬಿಡುಗಡೆಯ ಪತ್ರ ಬಂದಿಲ್ಲ ಅನ್ನುತ್ತಾರೆ. ಮತ್ತೆ ಕೇಳಿದರೆ ‘ಕೆಲಸ ತಡ ಮಾಡಿದ್ದೀರಿ, ದಂಡ ಹಿಡಿಯಬೇಕು’ ಅನ್ನುತ್ತಾರೆ. ಇಂಥ ಹೊತ್ತಲ್ಲಿ ವಕೀಲರ ಹತ್ತಿರ ಹೋಗುವ ಮೊದಲು ಮನೆಯಲ್ಲಿರುವ ಕರಾರು ಪತ್ರ ತೆಗೆದು ಓದಿ. ಸಹಿ ಹಾಕಿದ ದಿನ ಯಾರೂ ಓದಿರುವುದಿಲ್ಲ, ಅಲ್ವಾ?

ಮೊದಲು ಹುಡುಕಬೇಕಾದ್ದು ವ್ಯಾಜ್ಯದ ಷರತ್ತು. ರಾಜ್ಯದ ಹಳೆಯ ಕಾಮಗಾರಿ ಕರಾರುಗಳಲ್ಲಿ ಇದು 29ನೇ ಷರತ್ತು. ತಕರಾರನ್ನು ಮುಖ್ಯ ಎಂಜಿನಿಯರ್ ಮುಂದೆ ಇಡಬೇಕು, ಅವರು 90 ದಿನದಲ್ಲಿ ತೀರ್ಮಾನ ಹೇಳಬೇಕು. ಒಪ್ಪಿಗೆಯಾಗದಿದ್ದರೆ ಇನ್ನು 90 ದಿನದೊಳಗೆ ಅವರಿಗೆ ನೋಟಿಸ್ ಕೊಟ್ಟು ಕೋರ್ಟಿಗೆ ಹೋಗಬಹುದು. ಇದೇ ಆರ್ಬಿಟ್ರೇಷನ್, ಅಂದರೆ ಕೋರ್ಟಿನ ಹೊರಗೆ ತೀರ್ಪುಗಾರರಿಂದ ವ್ಯಾಜ್ಯ ಬಗೆಹರಿಸುವುದು, ಎಂದು ಎಷ್ಟೋ ಗುತ್ತಿಗೆದಾರರು ನಂಬಿದ್ದರು. ಪಿ. ದಶರಥರಾಮ ರೆಡ್ಡಿ ಕಾಂಪ್ಲೆಕ್ಸ್ ಮತ್ತು ಕರ್ನಾಟಕ ಸರ್ಕಾರದ ನಡುವಿನ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 2013ರಲ್ಲಿ ಅದು ಆರ್ಬಿಟ್ರೇಷನ್ ಒಪ್ಪಂದವೇ ಅಲ್ಲ ಎಂದಿತು. ಅಂಥ ಕರಾರಿದ್ದರೆ ನಿಮ್ಮ ದಾರಿ ಸಿವಿಲ್ ದಾವೆ.

ನಿಮ್ಮ ಕರಾರಿನಲ್ಲಿ ನಿಜವಾಗಿಯೇ ಆರ್ಬಿಟ್ರೇಷನ್ ಷರತ್ತಿದ್ದರೆ ಲೆಕ್ಕ ಬೇರೆ. ಲಿಖಿತ ನೋಟಿಸ್ ಕೊಡಿ. ಅದು ಎದುರು ಪಕ್ಷದ ಕೈ ಸೇರಿದ ದಿನವೇ ಪ್ರಕ್ರಿಯೆ ಶುರು. ‘ಆರ್ಬಿಟ್ರೇಟರ್ ಯಾರೆಂದು ಇಲಾಖೆಯೇ ಹೇಳುತ್ತದೆ’ ಎಂದು ಬರೆದಿದ್ದರೆ ಹೆದರಬೇಡಿ. ಸರ್ಕಾರ ಮತ್ತು ಖಾಸಗಿಯವರ ನಡುವಿನ ಕರಾರಿನಲ್ಲಿ ಹೀಗೆ ಒಂದೇ ಕಡೆಯವರು ಒಬ್ಬರನ್ನು ನೇಮಿಸುವಂತಿಲ್ಲ ಎಂದು ಸುಪ್ರೀಂ ಕೋರ್ಟಿನ ಐವರು ನ್ಯಾಯಮೂರ್ತಿಗಳ ಪೀಠ 2024ರ ನವೆಂಬರ್‌ನಲ್ಲಿ ಹೇಳಿದೆ. ಎರಡೂ ಕಡೆಯವರು ಒಂದು ಹೆಸರಿಗೆ ಒಪ್ಪದಿದ್ದರೆ ಹೈಕೋರ್ಟ್ ನೇಮಿಸುತ್ತದೆ.

ಈಗ ಕಾಗದ. ನನ್ನ ಅನಿಸಿಕೆಯಲ್ಲಿ ಇಂಥ ಕೇಸಿನ ಮುಕ್ಕಾಲು ಭಾಗ ಸೈಟಿನಲ್ಲೇ ಗೆದ್ದು ಸೋತು ಆಗಿರುತ್ತದೆ. ಕಾರ್ಯಾದೇಶ, ಆರ್.ಎ. ಬಿಲ್ಲುಗಳು (ಕೆಲಸ ನಡೆಯುವಾಗಿನ ಮಧ್ಯಂತರ ಬಿಲ್ಲುಗಳು), ದಿನಾಂಕ ಇರುವ ಫೋಟೊ, ಟೆಸ್ಟ್ ವರದಿ, ಅವಧಿ ವಿಸ್ತರಣೆ ಕೇಳಿದ ಪತ್ರ ಎಲ್ಲವನ್ನೂ ತಾರೀಖಿನ ಪ್ರಕಾರ ಜೋಡಿಸಿ. ಪತ್ರದ ಮೇಲೆ ಕಚೇರಿಯ ಸ್ವೀಕೃತಿ ಸೀಲು ಇರಬೇಕು. ಸುಮ್ನೆ ಟಪಾಲಿಗೆ ಹಾಕಿ ಬಂದರೆ ಆಮೇಲೆ ‘ಬಂದೇ ಇಲ್ಲ’ ಅನ್ನುತ್ತಾರೆ. ಎಂ.ಬಿ., ಅಂದರೆ ಕೆಲಸದ ಅಳತೆ ಬರೆಯುವ ಪುಸ್ತಕ, ಇಲಾಖೆಯ ಹತ್ತಿರವೇ ಇರುತ್ತದೆ. ಅದರ ಪ್ರತಿಯನ್ನು 10 ರೂಪಾಯಿ ಶುಲ್ಕ ಕಟ್ಟಿ ಮಾಹಿತಿ ಹಕ್ಕಿನಡಿ ಕೇಳಿ. 30 ದಿನದಲ್ಲಿ ಉತ್ತರ ಕೊಡಬೇಕು. ಅಳತೆ ಬರೆದ ಪುಟಗಳು ಕೈಗೆ ಬಂದ ಮೇಲೆ ‘ಕೆಲಸವೇ ಆಗಿಲ್ಲ’ ಎನ್ನುವುದು ಯಾರಿಗೂ ಕಷ್ಟ.

ತಡವಾದದ್ದು ಯಾರಿಂದ ಎಂಬುದನ್ನೂ ಕಾಗದವೇ ಹೇಳಬೇಕು. ಕರೆಂಟ್ ಕಂಬ ತೆಗೆಯಲಿಲ್ಲ, ಮರ ಕಡಿಯಲು ಅನುಮತಿ ಬರಲಿಲ್ಲ, ಡ್ರಾಯಿಂಗ್ ಕೊಡಲಿಲ್ಲ ಎಂದು ಆಗಲೇ ಬರೆದಿದ್ದೀರಾ? ಹಾಗಾದರೆ ದಂಡದ ಮಾತು ಸಡಿಲವಾಗುತ್ತದೆ. ಕರಾರಿನಲ್ಲಿ ದಂಡದ ಮೊತ್ತ ನಮೂದಾಗಿದೆ ಎಂದ ಮಾತ್ರಕ್ಕೆ ಅಷ್ಟನ್ನೂ ಹಿಡಿಯುವಂತಿಲ್ಲ. 1872ರ ಕರಾರು ಕಾಯ್ದೆಯ 74ನೇ ಸೆಕ್ಷನ್ ಪ್ರಕಾರ ಅದು ಮೇಲಿನ ಮಿತಿ ಮಾತ್ರ. ಸಿಗುವುದು ನ್ಯಾಯವಾದ ಪರಿಹಾರ.

ಬಾಯಿಮಾತಿನ ಕೆಲಸದ್ದೇ ದೊಡ್ಡ ಗೋಳು. ‘ಇಲ್ಲೊಂದು ಮೋರಿ ಹಾಕಿಬಿಡಿ, ಆಮೇಲೆ ಎಕ್ಸ್‌ಟ್ರಾ ಐಟಂ ತೋರಿಸೋಣ’ ಅಂತಾರೆ. ಸಾಹೇಬರು ವರ್ಗ ಆಗಿ ಹೋಗುತ್ತಾರೆ. ಸಂವಿಧಾನದ 299ನೇ ವಿಧಿ ಪ್ರಕಾರ ಸರ್ಕಾರದ ಕರಾರು ರಾಜ್ಯಪಾಲರ ಹೆಸರಿನಲ್ಲಿ, ಬರಹದಲ್ಲಿ ಇರಬೇಕು. ಹಾಗಾದರೆ ಮೋರಿ ದುಡ್ಡು ಹೋಯಿತೇ? ಪೂರ್ತಿ ಹೋಗಿಲ್ಲ. ಬಂಗಾಳದ ಆರಾಮ್‌ಬಾಗ್‌ನಲ್ಲಿ ಬಿ.ಕೆ. ಮಂಡಲ್ ಸಂಸ್ಥೆ ಅಧಿಕಾರಿಗಳ ಮಾತಿನ ಮೇಲೆ ಕಚ್ಚಾ ರಸ್ತೆ, ಕಾವಲು ಕೋಣೆ, ಅಡುಗೆಮನೆ ಕಟ್ಟಿಕೊಟ್ಟಿತ್ತು. ಕ್ರಮಬದ್ಧ ಕರಾರಿರಲಿಲ್ಲ. ಆದರೆ ಸರ್ಕಾರ ಅವನ್ನು ಬಳಸಿಕೊಂಡಿತ್ತು. ಕರಾರು ಕಾಯ್ದೆಯ 70ನೇ ಸೆಕ್ಷನ್ ಅಡಿ ಹಣ ಕೊಡಬೇಕು ಎಂದು ಸುಪ್ರೀಂ ಕೋರ್ಟ್ 1961ರಲ್ಲಿ ತೀರ್ಪು ಕೊಟ್ಟಿತು. ಉಚಿತವಾಗಿ ಮಾಡಿಲ್ಲ, ಸರ್ಕಾರ ಲಾಭ ಪಡೆದಿದೆ ಎಂದು ತೋರಿಸಿದರೆ ಸಾಕು. ಕರಾರು ಇದ್ದು, ಅದೇ ‘ಲಿಖಿತ ಆದೇಶವಿಲ್ಲದೆ ಹೆಚ್ಚುವರಿ ಕೆಲಸ ಬೇಡ’ ಎಂದಿದ್ದರೆ ಮಾತ್ರ ಈ ದಾರಿ ಇಕ್ಕಟ್ಟು. ಅದಕ್ಕೇ ಸಾಹೇಬರು ಹೇಳಿದ ದಿನವೇ ‘ತಾವು ಸ್ಥಳದಲ್ಲಿ ಸೂಚಿಸಿದಂತೆ’ ಎಂದು ಒಂದು ಪತ್ರ ಕೊಟ್ಟುಬಿಡಿ.

ದಾವೆಗೆ ಮುಂಚೆ ಎರಡು ಮೆಟ್ಟಿಲು. ಒಂದು, ಸಿವಿಲ್ ಪ್ರಕ್ರಿಯಾ ಸಂಹಿತೆಯ 80ನೇ ಸೆಕ್ಷನ್ ನೋಟಿಸ್. ಇದನ್ನು ಸರ್ಕಾರದ ಕಾರ್ಯದರ್ಶಿಗೆ ಅಥವಾ ಜಿಲ್ಲಾಧಿಕಾರಿಗೆ ಕೊಟ್ಟು 2 ತಿಂಗಳು ಕಾಯಬೇಕು. ಎರಡು, ಮಧ್ಯಸ್ಥಿಕೆ. ಬಾಕಿ 3 ಲಕ್ಷ ರೂಪಾಯಿ ಅಥವಾ ಜಾಸ್ತಿ ಇದ್ದರೆ ಕೇಸು ಕಮರ್ಷಿಯಲ್ ಕೋರ್ಟಿಗೆ ಹೋಗುತ್ತದೆ. ತುರ್ತು ಆದೇಶ ಬೇಕಿಲ್ಲದಿದ್ದರೆ ಮೊದಲು ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರದ ಮೂಲಕ ರಾಜಿಗೆ ಯತ್ನಿಸಲೇಬೇಕು. ಬಿಟ್ಟರೆ ದಾವೆಯೇ ತಿರಸ್ಕಾರ. ದಾವೆ ಕರ್ನಾಟಕ ರಾಜ್ಯದ ಮೇಲೆ ಇರಲಿ, ಬರೀ ಇಇ (ಕಾರ್ಯಪಾಲಕ ಎಂಜಿನಿಯರ್) ಮೇಲೆ ಅಲ್ಲ. ಕೆಲಸ ಕೊಟ್ಟದ್ದು ನಿಗಮವಾದರೆ ನಿಗಮದ ಮೇಲೆ.

ಫೈನಲ್ ಬಿಲ್‌ಗೆ ಸಹಿ ಹಾಕುವಾಗ ‘ಇನ್ನೇನೂ ಬಾಕಿ ಇಲ್ಲ’ ಎಂಬ ಸಾಲು ಇದೆಯಾ ನೋಡಿ. ಇದ್ದರೆ ‘ಆಕ್ಷೇಪಣೆಯೊಂದಿಗೆ’ ಎಂದು ಬರೆದೇ ಸಹಿ ಹಾಕಿ. ಹಾಗೆ ಬರೆಯಬೇಡಿ ಎಂದು ಕಚೇರಿಯವರು ಹೇಳಿದರೆ ಅದೇ ದಿನ ಬೇರೆ ಪತ್ರ ಕೊಡಿ.

ಇನ್ನು ಗಡುವು. ಮಾಡಿದ ಕೆಲಸದ ದುಡ್ಡಿಗೆ ಸಾಮಾನ್ಯವಾಗಿ 3 ವರ್ಷದೊಳಗೆ ದಾವೆ ಹಾಕಬೇಕು. ನೀವು ಬರೆಯುವ ಜ್ಞಾಪನಾ ಪತ್ರಗಳಿಂದ ಈ ಗಡುವು ಒಂದು ದಿನವೂ ಮುಂದೆ ಹೋಗುವುದಿಲ್ಲ. ಮಾತುಕತೆ ನಡೆಯುತ್ತಿತ್ತು ಎಂದರೂ ಅಷ್ಟೇ. ಆದರೆ 3 ವರ್ಷ ಮುಗಿಯುವ ಮೊದಲು ಇಲಾಖೆಯೇ ‘ಇಷ್ಟು ಬಾಕಿ ಇದೆ, ಅನುದಾನ ಬಂದ ಮೇಲೆ ಕೊಡುತ್ತೇವೆ’ ಎಂದು ಸಹಿ ಹಾಕಿ ಬರೆದುಕೊಟ್ಟರೆ ಆ ದಿನದಿಂದ ಹೊಸದಾಗಿ 3 ವರ್ಷ ಶುರು. ಬಾಕಿಯನ್ನು ಇಲಾಖೆಯೇ ಒಪ್ಪಿರುವ ಅಂಥ ಪತ್ರವಿದ್ದರೆ ಹೈಕೋರ್ಟಿನಲ್ಲಿ ರಿಟ್ ಹಾಕಲೂ ಅವಕಾಶವಿದೆ. ನಮ್ಮ ಕಡೆಯ ಒಬ್ಬ ಗುತ್ತಿಗೆದಾರರು ಅಂಥದೇ ಒಂದು ಹಾಳೆಯನ್ನು ಮದುವೆ ಪತ್ರಿಕೆಗಳ ಜೊತೆ ಕಟ್ಟಿ ಅಟ್ಟದ ಮೇಲೆ ಹಾಕಿದ್ದರು. ಹುಡುಕಲು ಎರಡು ವಾರ ಹಿಡಿಯಿತು.