ಎರಡನೆಯ ಅಂಕಿ ಕೇಳುವುದನ್ನು ಕಲಿತದ್ದು: ಬ್ಯಾಲರಟ್‌ನ ವಾರ್ಡ್ ಚುನಾವಣೆಯಲ್ಲಿ ನನ್ನ ಅನುಭವ

2024ರ ಸೆಪ್ಟೆಂಬರ್ ಕೊನೆಯ ಭಾನುವಾರ, ಆಸ್ಟ್ರೇಲಿಯಾದ ಬ್ಯಾಲರಟ್‌ನಲ್ಲಿ ನಗರಸಭಾ ಚುನಾವಣೆಗಾಗಿ ನಾನು ಹಂಚಿದ ಕರಪತ್ರಗಳಲ್ಲಿ ಎರಡು ಬೀದಿಗಳಷ್ಟು ಕರಪತ್ರಗಳು ನಮ್ಮ ಅಭ್ಯರ್ಥಿಗೆ ಮತ ಹಾಕುವ ಹಕ್ಕೇ ಇಲ್ಲದ ಮನೆಗಳ ಅಂಚೆಪೆಟ್ಟಿಗೆಗೆ ಬಿದ್ದಿದ್ದವು. ಗಡಿ ಆ ರಸ್ತೆಯ ಗುಂಟ ಹಾದುಹೋಗಿತ್ತು. ಎಡಗಡೆಯ ಮನೆಗಳು ನಮ್ಮ ವಾರ್ಡ್, ಬಲಗಡೆಯವು ಪಕ್ಕದ ವಾರ್ಡ್. ನಾನು ಬಲಗಡೆಯಿಂದ ಆರಂಭಿಸಿ, ಅಲ್ಲಿಂದ ಇನ್ನೂ ಒಳಗಿನ ಬೀದಿಗೆ ಹೊಕ್ಕು, ಕೈಚೀಲ ಅರ್ಧ ಖಾಲಿಯಾದ ಮೇಲೆ ಎದುರಾದ ಹಿರಿಯರೊಬ್ಬರು ಕರಪತ್ರ ಓದಿ, "ಇವರು ನಮ್ಮ ಮತಪತ್ರದಲ್ಲಿ ಇರುವುದಿಲ್ಲವಲ್ಲ" ಎಂದು ಸಮಾಧಾನದಿಂದಲೇ ಹೇಳಿದಾಗ ಎಚ್ಚರವಾಯಿತು. ಆ ಸಂಜೆ ಚುನಾವಣಾ ಆಯೋಗದ ನಕ್ಷೆಯನ್ನು ದೊಡ್ಡದಾಗಿ ಮುದ್ರಿಸಿ, ಗಡಿಯ ಮೇಲೆ ಕೆಂಪು ಪೆನ್ನಿನಿಂದ ಗೆರೆ ಎಳೆದೆ. ಮೊದಲ ದಿನವೇ ಮಾಡಬೇಕಿದ್ದ ಕೆಲಸ ಅದು.

ನನ್ನ ತಪ್ಪಿಗೆ ಒಂದು ನೆಪವಿತ್ತು. ಮೆಲ್ಬರ್ನ್‌ನಿಂದ ಪಶ್ಚಿಮಕ್ಕೆ ಸುಮಾರು 110 ಕಿಲೋಮೀಟರ್ ದೂರದಲ್ಲಿರುವ, ಹತ್ತೊಂಬತ್ತನೆಯ ಶತಮಾನದಲ್ಲಿ ಚಿನ್ನದ ಗಣಿಗಳಿಂದ ಬೆಳೆದ ಈ ನಗರಕ್ಕೆ 2021ರ ಜನಗಣತಿಯ ಪ್ರಕಾರ 1,13,763 ಜನಸಂಖ್ಯೆ. ನಗರಸಭೆಗೆ ಒಂಬತ್ತು ಸದಸ್ಯರು. 2024ರ ವರೆಗೆ ನಗರವನ್ನು ನಾರ್ತ್, ಸೆಂಟ್ರಲ್, ಸೌತ್ ಎಂದು ಮೂರು ದೊಡ್ಡ ವಾರ್ಡ್‌ಗಳಾಗಿ ವಿಂಗಡಿಸಿ, ಒಂದೊಂದರಿಂದ ಮೂವರನ್ನು ಆರಿಸುತ್ತಿದ್ದರು. ವಿಕ್ಟೋರಿಯಾ ರಾಜ್ಯದ 2020ರ ಸ್ಥಳೀಯ ಸರ್ಕಾರ ಕಾಯ್ದೆಯು ಪ್ರಾದೇಶಿಕ ನಗರಗಳೂ ಏಕಸದಸ್ಯ ವಾರ್ಡ್‌ಗಳಿಗೆ ಬದಲಾಗಬೇಕೆಂದು ವಿಧಿಸಿದ್ದರಿಂದ ಈಗ ಆಲ್ಫ್ರೆಡ್ಟನ್, ಬ್ರೌನ್ ಹಿಲ್, ಬನಿನ್ಯಾಂಗ್, ಸೆಂಟ್ರಲ್, ಡೆಲಕೂಮ್, ಗೋಲ್ಡನ್ ಪಾಯಿಂಟ್, ನಾರ್ತ್, ಸೆಬಾಸ್ಟೊಪೋಲ್, ವೆಂಡೂರಿ ಎಂಬ ಒಂಬತ್ತು ವಾರ್ಡ್‌ಗಳಾಗಿವೆ. ಯಾವ ವಾರ್ಡಿನ ಮತದಾರರ ಸಂಖ್ಯೆಯೂ ಸರಾಸರಿಗಿಂತ ಶೇ 10ಕ್ಕಿಂತ ಹೆಚ್ಚಾಗಲಿ ಕಡಿಮೆಯಾಗಲಿ ಇರಬಾರದೆಂಬುದು ನಿಯಮ. ಪಶ್ಚಿಮದ ಹೊಸ ಬಡಾವಣೆಗಳು ಬೆಳೆಯುತ್ತಲೇ ಇರುವ ಊರಿನಲ್ಲಿ ಈ ಲೆಕ್ಕ ಹೊಂದಬೇಕಾದರೆ ಗಡಿಯು ಕೆಲವೆಡೆ ನೆರೆಹೊರೆಯ ನಡುವೆಯೇ ಹಾದುಹೋಗುವುದು ಅನಿವಾರ್ಯ. ನಾನೊಬ್ಬನೇ ಅಲ್ಲ, ತಮ್ಮ ವಾರ್ಡ್ ಯಾವುದೆಂದು ತಿಳಿಯದ ಹಳೆಯ ನಿವಾಸಿಗಳೂ ಆ ವಸಂತದಲ್ಲಿ ಬೇಕಷ್ಟು ಮಂದಿ ಇದ್ದರು.

ನಾನು ಈ ಕೆಲಸಕ್ಕೆ ಬಂದದ್ದು ಲೆಕ್ಕ ಬರೆಯಲು. ನಮ್ಮ ಬೀದಿಯ ನಿವೃತ್ತ ಶಿಕ್ಷಕಿಯೊಬ್ಬರು ಸ್ಪರ್ಧಿಸಲು ತೀರ್ಮಾನಿಸಿದಾಗ, ನಾನು ಲೆಕ್ಕಪತ್ರದ ಕೆಲಸದವನೆಂದು ತಿಳಿದಿದ್ದ ಅವರು ಖರ್ಚು ಮತ್ತು ದೇಣಿಗೆಗಳ ದಾಖಲೆ ಇಟ್ಟುಕೊಡುವಂತೆ ಕೇಳಿದರು. ನನ್ನ ತಾಯಿಯ ವಯಸ್ಸಿನವರನ್ನು ಇಲ್ಲಿನ ರೂಢಿಯಂತೆ ಹೆಸರು ಹಿಡಿದೇ ಕರೆಯಬೇಕಿತ್ತು. ಮೂರು ತಿಂಗಳು ಕಳೆದರೂ ನನ್ನ ನಾಲಿಗೆ ಅದಕ್ಕೆ ಪೂರ್ತಿ ಒಗ್ಗಲಿಲ್ಲವಾದ್ದರಿಂದ ಹೆಸರೇ ಬೇಡದ ವಾಕ್ಯಗಳನ್ನು ಹುಡುಕಿಕೊಂಡು ಮಾತನಾಡುತ್ತಿದ್ದೆ. ಇಲ್ಲಿನ ಪೌರತ್ವ ಪಡೆದು ಭಾರತದ ಪಾಸ್‌ಪೋರ್ಟ್ ಒಪ್ಪಿಸಿದ ಮೇಲೆ ನನಗೆ ಇದು ಮೊದಲ ನಗರಸಭಾ ಚುನಾವಣೆಯಾಗಿತ್ತು.

ಕಾಗದಪತ್ರದ ಕೆಲಸ ಹೆಚ್ಚಿರಲಿಲ್ಲ. ಮತದಾರರ ಪಟ್ಟಿ ಆಗಸ್ಟ್ 7ಕ್ಕೇ ಮುಚ್ಚಿತ್ತು. ಅಭ್ಯರ್ಥಿಯಾಗುವವರು ನಾಮಪತ್ರಕ್ಕೆ ಮೊದಲು ಕಡ್ಡಾಯ ತರಬೇತಿ ಮುಗಿಸಬೇಕು, ಸೆಪ್ಟೆಂಬರ್ 24ರ ಮಧ್ಯಾಹ್ನದೊಳಗೆ 250 ಡಾಲರ್ ಕಟ್ಟಿ ನಾಮಪತ್ರ ಸಲ್ಲಿಸಬೇಕು; ಗೆದ್ದರೆ ಅಥವಾ ಮೊದಲ ಪ್ರಾಶಸ್ತ್ಯದ, ಅಂದರೆ ಹೆಸರಿನ ಮುಂದೆ ಒಂದು ಎಂದು ಬರೆದ, ಮತಗಳಲ್ಲಿ ಕನಿಷ್ಠ ಶೇ 4 ಪಡೆದರೆ ಆ ಹಣ ಹಿಂದಕ್ಕೆ ಬರುತ್ತದೆ. ಮುದ್ರಿಸಿದ ಪ್ರತಿಯೊಂದು ಪ್ರಚಾರ ಸಾಮಗ್ರಿಯ ಮೇಲೂ ಅದಕ್ಕೆ ಹೊಣೆಯಾದವರ ಹೆಸರು, ವಿಳಾಸ ಇರಬೇಕು. ಮತಪತ್ರದಲ್ಲಿ ಹೆಸರುಗಳ ಕ್ರಮವನ್ನು ಕಂಪ್ಯೂಟರ್ ಮೂಲಕ ಚೀಟಿ ಎತ್ತಿದಂತೆ ನಿರ್ಧರಿಸುತ್ತಾರೆ, ಪಕ್ಷದ ಹೆಸರಾಗಲಿ ಚಿಹ್ನೆಯಾಗಲಿ ಅದರಲ್ಲಿ ಇರುವುದಿಲ್ಲ. ಅರವತ್ತೈದು ವಾರ್ಡ್‌ಗಳ ಮೈಸೂರು ಮಹಾನಗರ ಪಾಲಿಕೆಯ ಚುನಾವಣೆಗಳನ್ನು ನೋಡಿ ಬೆಳೆದ ನನಗೆ ಚಿಹ್ನೆಯಿಲ್ಲದ ಮತಪತ್ರವು ಹೆಸರಿಲ್ಲದ ಅಂಗಡಿಗಳ ಬೀದಿಯಂತೆ ಕಂಡಿತು.

ಮತಗಟ್ಟೆಯೂ ಇರಲಿಲ್ಲ. 2024ರಲ್ಲಿ ಇಡೀ ರಾಜ್ಯದ ಸ್ಥಳೀಯ ಚುನಾವಣೆಗಳು ಅಂಚೆಯ ಮೂಲಕವೇ ನಡೆದವು: ಅಕ್ಟೋಬರ್ 7ರಿಂದ ಮತಪತ್ರದ ಲಕೋಟೆಗಳು ಮನೆಮನೆಗೆ ಹೊರಟವು, ಜನರು ಅಕ್ಟೋಬರ್ 25ರ ಸಂಜೆ ಆರರೊಳಗೆ ಅವನ್ನು ಭರ್ತಿ ಮಾಡಿ ಅಂಚೆಗೆ ಹಾಕಬೇಕಿತ್ತು, ಅಂಚೆಯಲ್ಲಿ ಬರುವ ಲಕೋಟೆಗಳಿಗಾಗಿ ಆಯೋಗ ನವೆಂಬರ್ 1ರ ಮಧ್ಯಾಹ್ನದವರೆಗೆ ಕಾಯಿತು. ಮತದಾನದ ದಿನ ಗೇಟಿನ ಬಳಿ ನಿಂತು ಕೊನೆಯ ಮಾತು ಹೇಳುವ ಅವಕಾಶ ಯಾರಿಗೂ ಇಲ್ಲದ್ದರಿಂದ, ನಮ್ಮ ಕರಪತ್ರ ಲಕೋಟೆಗಿಂತ ಒಂದೆರಡು ದಿನ ಮೊದಲು ಮನೆ ಸೇರಬೇಕು. ಬಹಳ ಮೊದಲು ಸೇರಿದರೆ ಅದು ಹಳೆಯ ಪತ್ರಿಕೆಗಳ ಜೊತೆ ಮರುಬಳಕೆಯ ತೊಟ್ಟಿಗೆ ಹೋಗುತ್ತದೆ, ತಡವಾದರೆ ಮತವೇ ಹೋಗಿಬಿಟ್ಟಿರುತ್ತದೆ. ಶಾಲೆಗಳಿಗೆ ಅಕ್ಟೋಬರ್ 6ರವರೆಗೆ ರಜೆ ಇದ್ದುದರಿಂದ ಅರ್ಧ ಊರು ಸಮುದ್ರತೀರಕ್ಕೆ ಹೋಗಿತ್ತು. ಹಾಗಾಗಿ ಕರಪತ್ರದ ಎರಡನೆಯ ಸುತ್ತನ್ನು ಅಕ್ಟೋಬರ್ 5 ಮತ್ತು 6ಕ್ಕೆ ಇಟ್ಟುಕೊಂಡೆವು. ಜಾಹೀರಾತು ಹಾಕಬೇಡಿ ಎಂದು ಫಲಕ ಅಂಟಿಸಿದ ಪೆಟ್ಟಿಗೆಗಳನ್ನು ಬಿಟ್ಟೇ ಮುಂದೆ ಹೋದೆವು. ಹಾಕಿ ಬೈಸಿಕೊಳ್ಳುವುದಕ್ಕಿಂತ ಹಾಕದಿರುವುದೇ ಲಾಭ.

ಇನ್ನು ನಾನು ನಿಜವಾಗಿ ಕಲಿತದ್ದರ ವಿಷಯ. ಮನೆಬಾಗಿಲಿಗೆ ಹೋದ ಮೊದಲ ಕೆಲವು ದಿನ ನಾನು ಮಾತನಾಡುತ್ತಿದ್ದ ರೀತಿ ಮೈಸೂರಿನದು. ಪರಿಚಯ, ಎರಡು ವಿಷಯ, ಕೊನೆಗೆ "ಇವರಿಗೆ ಮತ ಕೊಡಿ". ಎದುರಿನವರು "ನಾನು ಆಗಲೇ ಬೇರೆಯವರಿಗೆ ಎಂದು ತೀರ್ಮಾನಿಸಿದ್ದೇನೆ" ಎಂದರೆ ಧನ್ಯವಾದ ಹೇಳಿ ಮೆಟ್ಟಿಲಿಳಿಯುತ್ತಿದ್ದೆ. ಒಮ್ಮೆ ನನ್ನ ಜೊತೆ ಬಂದಿದ್ದ ನಮ್ಮ ಅಭ್ಯರ್ಥಿ ಇದನ್ನು ನೋಡಿ, ಗೇಟು ದಾಟಿದ ಮೇಲೆ, "ನೀನು ಒಂದು ಮತವನ್ನು ಅಲ್ಲೇ ಬಿಟ್ಟು ಬಂದೆ" ಎಂದರು. ಅವರಿಗೆ ಬೇಕಿದ್ದದ್ದು ಎರಡನೆಯ ಅಂಕಿ, ಅಂದರೆ ಮತದಾರರು ತಮ್ಮ ಎರಡನೆಯ ಆಯ್ಕೆಯ ಹೆಸರಿನ ಮುಂದೆ ಬರೆಯುವ ಎರಡು.

ಕರ್ನಾಟಕದಲ್ಲಿ ಪ್ರಾಶಸ್ತ್ಯದ ಮತ ಎಂಬ ಮಾತು ಅಪರಿಚಿತವೇನಲ್ಲ. ವಿಧಾನ ಪರಿಷತ್ತಿನ ಶಿಕ್ಷಕರ ಮತ್ತು ಪದವೀಧರ ಕ್ಷೇತ್ರಗಳಲ್ಲಿ ಹೆಸರಿನ ಮುಂದೆ ಅಂಕಿ ಬರೆದೇ ಮತ ಹಾಕುತ್ತಾರೆ, ಪ್ರೌಢಶಾಲಾ ಶಿಕ್ಷಕರಾಗಿದ್ದ ನನ್ನ ತಂದೆಯವರೂ ಹಾಗೆ ಹಾಕಿದವರು. ಆದರೆ ಅಲ್ಲಿ ಒಂದು ಎಂದು ಬರೆದು ನಿಲ್ಲಿಸಬಹುದು. ನಮ್ಮ ಮನೆಗೆ ಬರುತ್ತಿದ್ದ ಪ್ರಚಾರಕರೆಲ್ಲ "ಒಂದು ಮಾತ್ರ ಬರೆಯಿರಿ ಮೇಷ್ಟ್ರೇ, ಎರಡು ಯಾರಿಗೂ ಬೇಡ" ಎಂದು ಕೈಮುಗಿದು ಹೋಗುತ್ತಿದ್ದರು. ಬ್ಯಾಲರಟ್‌ನಲ್ಲಿ ನಿಲ್ಲಿಸುವಂತಿಲ್ಲ. ಐವರು ಅಭ್ಯರ್ಥಿಗಳಿದ್ದರೆ ಐವರಿಗೂ ಕ್ರಮವಾಗಿ ಅಂಕಿ ಕೊಡಬೇಕು, ಒಂದೇ ಅಂಕಿ ಎರಡು ಕಡೆ ಬಂದರೆ ಮತ ಅಸಿಂಧು. ಹಾಗಾಗಿ ಎದುರಾಳಿಯ ಬೆಂಬಲಿಗನೂ ನಮ್ಮ ಅಭ್ಯರ್ಥಿಯ ಹೆಸರಿನ ಮುಂದೆ ಏನನ್ನಾದರೂ ಬರೆಯಲೇಬೇಕು. ಅದು ಎರಡೋ ಐದೋ ಎಂಬುದಷ್ಟೇ ಪ್ರಶ್ನೆ.

ನೂರು ಮತಗಳಿವೆ ಎಂದುಕೊಳ್ಳೋಣ. ಒಬ್ಬರಿಗೆ 40, ಇನ್ನೊಬ್ಬರಿಗೆ 35, ಮೂರನೆಯವರಿಗೆ 25 ಮೊದಲ ಪ್ರಾಶಸ್ತ್ಯ ಬಂದರೆ ಮೈಸೂರಿನಲ್ಲಿ 40 ಪಡೆದವರ ಮನೆಮುಂದೆ ಪಟಾಕಿ ಸಿಡಿಯುತ್ತದೆ. ಇಲ್ಲಿ ಅರ್ಧಕ್ಕಿಂತ ಹೆಚ್ಚು ಯಾರಿಗೂ ಬಾರದ ಕಾರಣ ಕೊನೆಯವರನ್ನು ಕೈಬಿಟ್ಟು, ಅವರ 25 ಮತಪತ್ರಗಳಲ್ಲಿ ಎರಡು ಎಂದು ಯಾರಿಗೆ ಬರೆದಿದೆಯೋ ಅವರಿಗೆ ಅವನ್ನು ಹಂಚುತ್ತಾರೆ. ಅವುಗಳಲ್ಲಿ 16 ಎರಡನೆಯವರಿಗೆ ಹೋದರೆ ಅವರು 51 ಆಗಿ ಗೆಲ್ಲುತ್ತಾರೆ. ಹಳೆಯ ಮೂವರು ಸದಸ್ಯರ ವಾರ್ಡಿನಲ್ಲಿ ಗೆಲುವಿನ ಕೋಟಾ ಕಾಲು ಭಾಗದಷ್ಟು ಮತಗಳಿಗಿಂತ ತುಸು ಹೆಚ್ಚು, ಅಷ್ಟೇ. ಊರಿನುದ್ದಕ್ಕೂ ಚದುರಿದ ಒಂದು ಗುಂಪಿನ ಪ್ರೀತಿಯಿಂದಲೇ ಅದನ್ನು ತಲುಪುವವರಿದ್ದರು. ಈಗ ಒಂದೇ ಸ್ಥಾನ, ಅರ್ಧದ ಗೆರೆ. ಬಹಳ ಜನರ ಮೊದಲ ಆಯ್ಕೆಯಾಗದಿದ್ದರೂ ಹೆಚ್ಚು ಜನರಿಗೆ ಬೇಡವಾಗದಿರುವವರೇ ಅದನ್ನು ದಾಟುತ್ತಾರೆ. ನಗರದ ನಾನಾ ಮೂಲೆಗಳಲ್ಲಿ ಒಂದೊಂದು ಮನೆಯಾಗಿ ನೆಲೆಸಿರುವ ನಮ್ಮಂಥವರ ದೃಷ್ಟಿಯಿಂದ ಹಳೆಯ ವ್ಯವಸ್ಥೆಯೇ ಲೇಸಾಗಿತ್ತೆಂದು ನಾನು ಈಗಲೂ ಭಾವಿಸುತ್ತೇನೆ. ಆದರೆ ನಗರದ ಮೂರನೆಯ ಒಂದು ಭಾಗದಷ್ಟಿರುವ ವಾರ್ಡನ್ನು ಕಾಲ್ನಡಿಗೆಯಲ್ಲಿ ಸುತ್ತುವುದು ಯಾರಿಂದಲೂ ಆಗುವುದಿಲ್ಲ, ಒಂಬತ್ತನೆಯ ಒಂದು ಭಾಗವನ್ನು ನಾಲ್ಕು ಜನ ಸೇರಿದರೆ ಸುತ್ತಬಹುದು. ಹಣವಿಲ್ಲದ ನಿವೃತ್ತ ಶಿಕ್ಷಕಿಯೊಬ್ಬರು ಸ್ಪರ್ಧಿಸಲು ಧೈರ್ಯ ಮಾಡಿದ್ದೂ ಅದರಿಂದಲೇ.

ಎರಡನೆಯ ಅಂಕಿ ಕೇಳಲು ನನಗೆ ಮೊದಲು ನಾಚಿಕೆಯಾಗುತ್ತಿತ್ತು. ಬೇರೆ ಮನೆಯ ಮದುವೆಯೂಟಕ್ಕೆ ಹೊರಟವರನ್ನು ಬೀದಿಯಲ್ಲಿ ತಡೆದು, ಅಲ್ಲಿ ಊಟ ಸಾಲದಿದ್ದರೆ ನಮ್ಮಲ್ಲಿಗೆ ಬನ್ನಿ ಎಂದಂತೆ. ನಿಧಾನವಾಗಿ ಒಂದು ಕ್ರಮ ಕೈಗೆ ಹತ್ತಿತು. ಅವರು ಯಾರ ಹೆಸರು ಹೇಳಿದರೂ ಆ ವ್ಯಕ್ತಿಯ ಬಗ್ಗೆ ಒಂದು ಒಳ್ಳೆಯ ಮಾತನ್ನೇ ಆಡುವುದು, ಆಮೇಲೆ "ಎರಡನೆಯ ಚೌಕಕ್ಕೆ ಇನ್ನೂ ಯಾರನ್ನೂ ಯೋಚಿಸಿಲ್ಲದಿದ್ದರೆ ಇವರನ್ನು ಪರಿಗಣಿಸಿ" ಎನ್ನುವುದು. ಎದುರಾಳಿಯನ್ನು ಒಮ್ಮೆ ಹಗುರವಾಗಿ ಆಡಿದರೆ ಆ ಮನೆಯಲ್ಲಿ ನಮ್ಮ ಅಂಕಿ ಎರಡರಿಂದ ಐದಕ್ಕೆ ಇಳಿಯಿತೆಂದೇ ಅರ್ಥ. ಜನರೊಂದಿಗೆ ವಾದಕ್ಕೆ ಇಳಿಯದಿರುವುದೂ ಇದೇ ಲೆಕ್ಕದ ಭಾಗ. ರೈಲು, ಆಸ್ಪತ್ರೆ, ಬ್ಯಾಲರಟ್ ಸೇರಿದಂತೆ ರಾಜ್ಯದ ಹಲವು ಊರುಗಳಲ್ಲಿ ನಡೆಯಬೇಕಿದ್ದು 2023ರಲ್ಲಿ ರದ್ದಾದ ಕಾಮನ್‌ವೆಲ್ತ್ ಕ್ರೀಡಾಕೂಟ, ಇವೆಲ್ಲ ರಾಜ್ಯ ಸರ್ಕಾರದ ವಿಷಯಗಳಾದರೂ ಬಾಗಿಲಲ್ಲಿ ಬರುತ್ತಿದ್ದವು. "ಅದು ನಗರಸಭೆಯದಲ್ಲ" ಎಂದು ಮೊದಲೇ ತಿದ್ದಿದರೆ ಮಾತು ಮುರಿಯುತ್ತಿತ್ತು. ಪೂರ್ತಿ ಕೇಳಿ, ಕೊನೆಯಲ್ಲಿ ಕಾಲುದಾರಿ, ಕಸದ ಡಬ್ಬಿ, ಕಟ್ಟಡದ ಪರವಾನಗಿಗಳ ಕಡೆಗೆ ತರಬೇಕಿತ್ತು. ತೆರಿಗೆ ಇಳಿಸುತ್ತೇವೆಂಬ ಭರವಸೆಯನ್ನು ನಾವು ಕೊಡಲಿಲ್ಲ. ಆ ವರ್ಷದ ಏರಿಕೆಗೆ ರಾಜ್ಯವೇ ಶೇ 2.75ರ ಮಿತಿ ಹಾಕಿತ್ತು, ಹಾಗಿರುವಾಗ ಒಬ್ಬ ಸದಸ್ಯರು ಮಾತು ಕೊಡಲು ಹೆಚ್ಚೇನೂ ಉಳಿದಿರಲಿಲ್ಲ.

ಅಭ್ಯರ್ಥಿಗಳು ತಮ್ಮ ಬೆಂಬಲಿಗರಿಗೆ ಅಂಕಿಗಳ ಕ್ರಮವನ್ನು ಸೂಚಿಸುವ ಚೀಟಿ ಹಂಚುತ್ತಾರೆ. ಆಯೋಗ ಕಳುಹಿಸುವ ಲಕೋಟೆಯಲ್ಲಿ ಅಭ್ಯರ್ಥಿಯ ಫೋಟೊ ಮತ್ತು ಚಿಕ್ಕ ಹೇಳಿಕೆ ಮಾತ್ರ ಇರುವುದರಿಂದ ಈ ಚೀಟಿಯನ್ನು ನಾವೇ ಮುಟ್ಟಿಸಬೇಕು. ನಮ್ಮನ್ನು ಎರಡನೆಯ ಸ್ಥಾನದಲ್ಲಿ ಹಾಕಿಕೊಳ್ಳುವಂತೆ ಮತ್ತೊಬ್ಬ ಅಭ್ಯರ್ಥಿಯನ್ನು ಕೇಳಲು ನಾವು ತಡಮಾಡಿದೆವು. ಕಾಫಿ ಅಂಗಡಿಯಲ್ಲಿ ಭೇಟಿಯಾದಾಗ ಅವರು ಬಹಳ ಸೌಜನ್ಯದಿಂದ, ತಮ್ಮ ಚೀಟಿ ಹಿಂದಿನ ದಿನವೇ ಮುದ್ರಣಕ್ಕೆ ಹೋಯಿತೆಂದು ತಿಳಿಸಿದರು. ಅದರಲ್ಲಿ ನಮಗಿದ್ದದ್ದು ಮೂರನೆಯ ಸ್ಥಾನ.

ಎಣಿಕೆಗೆ ನಾನು ನಮ್ಮ ಅಭ್ಯರ್ಥಿಯ ಏಜೆಂಟನಾಗಿ ಹೋದೆ. ಅಭ್ಯರ್ಥಿ ತನಗೆ ತಾನೇ ಏಜೆಂಟ್ ಆಗುವಂತಿಲ್ಲ. ಅವರು ಸಹಿ ಮಾಡಿದ ನೇಮಕಪತ್ರ ಕೊಟ್ಟು, ನಾನು ಘೋಷಣೆಗೆ ಸಹಿ ಹಾಕಿ, ಬ್ಯಾಡ್ಜ್ ಧರಿಸಿ ಒಳಗೆ ಹೋಗಬೇಕಿತ್ತು. ನೋಡಬಹುದು, ಆಕ್ಷೇಪಿಸಬಹುದು, ಮುಟ್ಟುವಂತಿಲ್ಲ. ಮನಸ್ಸಿನಲ್ಲಿ ಉಳಿದಿರುವುದು ಲಕೋಟೆ ಬಿಡಿಸುವ ಹಂತ. ಮತದಾರರ ಸಹಿಯಿರುವ ಮಡಿಕೆಯನ್ನು ಪರಿಶೀಲಿಸಿ ಮೊದಲು ಹರಿದು ತೆಗೆಯುತ್ತಾರೆ, ಆಮೇಲಷ್ಟೇ ಲಕೋಟೆ ತೆರೆಯುತ್ತಾರೆ. ಮತ ಯಾರದೆಂಬುದು ಆ ಕ್ಷಣದಿಂದ ಯಾರಿಗೂ ತಿಳಿಯದು. ಗುಟ್ಟಿನ ಮತದಾನವನ್ನು 1856ರಲ್ಲೇ ಜಾರಿಗೆ ತಂದ ರಾಜ್ಯವಿದು, ಆ ಮಡಿಕೆ ಹರಿಯುವ ಸಿಬ್ಬಂದಿಯ ಕೈಯಲ್ಲಿ ಆತುರ ಒಂದಿಷ್ಟೂ ಇರಲಿಲ್ಲ. ಕೊನೆಯ ಅಂಚೆ ಮತಗಳಿಗೆ ಕಾಯುತ್ತಿದ್ದ ದಿನಗಳಲ್ಲಿಯೇ ನಮ್ಮ ಮನೆಯಲ್ಲಿ ದೀಪಾವಳಿ ನಡೆಯುತ್ತಿತ್ತು. ನರಕ ಚತುರ್ದಶಿಯ ಎಣ್ಣೆಸ್ನಾನದ ನೀರು ಕಾದಿತ್ತು, ನಾನು ಮಾತ್ರ ಹಿಂದಿನ ದಿನದ ಅಂದಾಜು ಕೂಡುತ್ತಾ ಕೂತಿದ್ದೆನೆಂದು ಮನೆಯವರು ಇಂದಿಗೂ ಆಡಿಕೊಳ್ಳುತ್ತಾರೆ.

ಏಜೆಂಟರು ಗಮನಿಸಬೇಕಾದದ್ದು ಮೊದಲ ಪ್ರಾಶಸ್ತ್ಯದ ಕಟ್ಟುಗಳನ್ನಲ್ಲ, ಅವು ಹೇಗೂ ಎಣಿಕೆಯಾಗುತ್ತವೆ. ಕೊನೆಯಲ್ಲಿ ಉಳಿಯಬಹುದಾದ ಅಭ್ಯರ್ಥಿಗಳ ಕಟ್ಟುಗಳನ್ನು ಬಿಟ್ಟು, ಬೇಗ ಹೊರಬೀಳುವವರ ಮತಪತ್ರಗಳ ಮೇಜಿನ ಬಳಿ ನಿಂತು, ಅವುಗಳಲ್ಲಿ ಎರಡು ಯಾರಿಗೆ, ಮೂರು ಯಾರಿಗೆ ಎಂದು ಹತ್ತಕ್ಕೊಂದು ಗುರುತು ಹಾಕಿಕೊಳ್ಳುತ್ತಾ ಹೋದರೆ ಫಲಿತಾಂಶ ಅಧಿಕೃತವಾಗುವ ಮೊದಲೇ ಹೆಚ್ಚುಕಡಿಮೆ ತಿಳಿಯುತ್ತದೆ. ಒಂದಕ್ಕೂ ಏಳಕ್ಕೂ ವ್ಯತ್ಯಾಸ ಕಾಣದ ಕೈಬರಹ, ಎರಡು ಸಲ ಬರೆದ ಮೂರು, ಮೇಲಿನಿಂದ ಕೆಳಕ್ಕೆ ಒಂದು ಎರಡು ಮೂರು ಎಂದು ಸುಮ್ಮನೆ ಬರೆದುಕೊಂಡು ಹೋದ ಕತ್ತೆಮತ, ಎಲ್ಲವೂ ಬಂದವು. ಮೊದಲ ಎಣಿಕೆಯಲ್ಲಿ ನಮ್ಮವರು ಮುಂದಿದ್ದರು. ಆದರೆ ಕಾಫಿ ಅಂಗಡಿಯಲ್ಲಿ ಸಿಕ್ಕಿದ್ದ ಆ ಅಭ್ಯರ್ಥಿಯ ಕಟ್ಟಿನಲ್ಲಿ ನನ್ನ ಗುರುತುಗಳು ಒಂದೇ ಕಡೆ ಸಾಲುಗಟ್ಟುತ್ತಿದ್ದವು. ಚೀಟಿಯಲ್ಲಿ ಮುದ್ರಿಸಿದ್ದ ಕ್ರಮವೇ ಮತ್ತೆ ಮತ್ತೆ. ಹೊರಗೆ ಬಂದು ನಮ್ಮ ಅಭ್ಯರ್ಥಿಗೆ ಫೋನ್ ಮಾಡಿ, ಕೊನೆಯ ಸುತ್ತಿನಲ್ಲಿ ಹಿಂದೆ ಬೀಳುತ್ತೇವೆಂದು ಹೇಳಿದೆ. ಒಂದು ಕ್ಷಣ ಸುಮ್ಮನಿದ್ದು, "ಚೀಟಿ ಮುದ್ರಣಕ್ಕೆ ಹೋಗುವ ಮುಂಚೆ ಕೇಳಬೇಕಿತ್ತು" ಎಂದಷ್ಟೇ ಅಂದರು. ಹಂಚಿಕೆ ಮುಗಿದಾಗ ಹಾಗೆಯೇ ಆಗಿತ್ತು.

ನಾವು ನಡೆದು ಹೋಗಿ ಕೇಳಿದ್ದ ಬೀದಿಗಳಿಂದ ಎಷ್ಟು ಎರಡನೆಯ ಅಂಕಿ ಬಂದವೆಂದು ತಿಳಿಯುವ ದಾರಿಯಿಲ್ಲ. ಅಂಚೆಯಲ್ಲಿ ಬಂದ ಮತಗಳಿಗೆ ಬೀದಿ ಇರುವುದಿಲ್ಲ. ಉಳಿದ ಕೆಲಸ ನನ್ನದೇ ಆಗಿತ್ತು. ಮತದಾನದ ದಿನದಿಂದ ನಲವತ್ತು ದಿನಗಳೊಳಗೆ, ಗೆದ್ದವರೂ ಸೋತವರೂ 500 ಡಾಲರ್ ಅಥವಾ ಅದಕ್ಕಿಂತ ಹೆಚ್ಚಿನ ದೇಣಿಗೆಗಳ ವಿವರವನ್ನು ನಗರಸಭೆಯ ಮುಖ್ಯ ಅಧಿಕಾರಿಗೆ ಸಲ್ಲಿಸಬೇಕು. ನಮಗೆ ಅಷ್ಟು ದೊಡ್ಡ ದೇಣಿಗೆ ಒಂದೂ ಬಂದಿರಲಿಲ್ಲ. ಹಾಗೆಂದು ಬರೆದು, ಠೇವಣಿಯ 250 ಡಾಲರ್ ಹಿಂದಕ್ಕೆ ಬಂದದ್ದನ್ನು ಪುಸ್ತಕದಲ್ಲಿ ನಮೂದಿಸಿ, ಸಹಿಗಾಗಿ ನಮ್ಮ ಅಭ್ಯರ್ಥಿಯ ಮನೆಗೆ ಹೋದೆ. ಸಹಿ ಹಾಕಿದವರು 2028ರ ಅಕ್ಟೋಬರ್ 28 ಯಾವ ವಾರವೆಂದು ಕೇಳಿದರು. ಶನಿವಾರ, ಚುನಾವಣೆಯ ದಿನ ಎಂದೆ. ಗಡಿಗೆ ಕೆಂಪು ಗೆರೆ ಎಳೆದ ನಕ್ಷೆಯನ್ನು ಎಸೆಯಬೇಡ ಎಂದರು.