ನಿಂತು ಓಡಿಸುವ ಸ್ಕೂಟರಿನಲ್ಲಿ ಕ್ರಾಕೋವ್‌ನ ಯಹೂದಿ ಕೇರಿಗಳು

ಇಪ್ಪತ್ತೇಳು ವರ್ಷ ಹತ್ತನೇ ತರಗತಿಗೆ ಸಮಾಜ ವಿಜ್ಞಾನ ಪಾಠ ಮಾಡಿದ್ದೇನೆ. ಎರಡನೇ ಮಹಾಯುದ್ಧದ ಪಾಠದಲ್ಲಿ ಯಹೂದಿಗಳ ಹತ್ಯೆಗೆ ಸಿಗುತ್ತಿದ್ದುದು ಐದು ನಿಮಿಷ. ಕಪ್ಪುಹಲಗೆಯ ಮೇಲೆ '60 ಲಕ್ಷ' ಎಂದು ಬರೆದು, ಕೆಳಗೆ ಒಂದು ಗೆರೆ ಎಳೆದು ಮುಂದಿನ ಪ್ರಶ್ನೆಗೆ ಹೋಗುತ್ತಿದ್ದೆ. ನಿವೃತ್ತಳಾದ ಮೇಲೆ ಮಗನ ಮನೆಗೆಂದು ಪೋಲೆಂಡಿನ ಕ್ರಾಕೋವ್‌ಗೆ ಹೋದೆ. ಆ ಸಂಖ್ಯೆಯಲ್ಲಿ ಸೇರಿದವರು ಬದುಕಿದ್ದ ಬೀದಿಗಳು ಅವನ ಮನೆಯಿಂದ ಕೂಗಳತೆಯಲ್ಲಿವೆ ಎಂದು ತಿಳಿದಾಗ ಅವುಗಳನ್ನು ನೋಡದೆ ಊರಿಗೆ ಮರಳುವುದು ನನ್ನಿಂದ ಸಾಧ್ಯವಿರಲಿಲ್ಲ.

ಮೊದಲ ಪ್ರಯತ್ನ ಕೆಟ್ಟಿತು. ಪ್ರವಾಸಿಗರನ್ನು ಕೂರಿಸಿಕೊಂಡು ಸುತ್ತಿಸುವ ಪುಟ್ಟ ಬ್ಯಾಟರಿ ಗಾಡಿಗಳು ಅಲ್ಲಿ ಬೀದಿ ಬೀದಿಯಲ್ಲಿ ಸಿಗುತ್ತವೆ. ನಾವು ಹತ್ತಿದ ಗಾಡಿಯಲ್ಲಿ ವಿವರಣೆ ಧ್ವನಿಮುದ್ರಿತವಾಗಿತ್ತು. ಒಂದು ಸಿನಗಾಗ್‌ನ (ಯಹೂದಿಗಳ ಪ್ರಾರ್ಥನಾ ಮಂದಿರದ) ಕತೆ ಮುಗಿಯುವುದರೊಳಗೆ ನಾವು ಇನ್ನೊಂದನ್ನು ದಾಟಿರುತ್ತಿದ್ದೆವು. ಇಳಿಯಬೇಕು ಎಂದರೆ ಚಾಲಕ ಕೈಗಡಿಯಾರ ತೋರಿಸಿದ. ಆ ರಾತ್ರಿ ನನಗೆ ಸರಿಯಾಗಿ ಊಟ ಸೇರಲಿಲ್ಲ.

ಮಗ ಇನ್ನೊಂದು ದಾರಿ ಹುಡುಕಿದ. ಮಾರ್ಗದರ್ಶಿಯೊಬ್ಬರು ನಾಲ್ಕೈದು ಜನರನ್ನು ವಿದ್ಯುತ್ ಸ್ಕೂಟರಿನಲ್ಲಿ ಕರೆದೊಯ್ಯುತ್ತಾರೆ. ನಮ್ಮೂರಿನ ಸೀಟಿರುವ ಸ್ಕೂಟರ್ ಅಲ್ಲ, ಮಕ್ಕಳ ಆಟಿಕೆಯ ಹಾಗೆ ಹಲಗೆಯ ಮೇಲೆ ನಿಂತು ಓಡಿಸುವಂಥದ್ದು. "ಅಮ್ಮ, ನಿನಗೆ ಆಗುತ್ತದೆಯೇ? ಮೂರು ಗಂಟೆ ನಿಂತಿರಬೇಕು" ಎಂದ. ತರಗತಿಯಲ್ಲಿ ದಿನಕ್ಕೆ ಐದು ಗಂಟೆ ನಿಂತವಳನ್ನು ಹಾಗೆ ಕೇಳಬಾರದು ಎಂದೆ. ನನ್ನ ಅಳುಕು ಬೇರೆಯದಾಗಿತ್ತು. ಜನರನ್ನು ಸಾವಿಗೆ ಸಾಗಿಸಿದ ಬೀದಿಗಳಲ್ಲಿ ಆಟಿಕೆಯಂಥ ಗಾಡಿಯ ಮೇಲೆ ಜಾರಿಕೊಂಡು ಹೋಗುವುದು ಸರಿಯೇ? ಬುಕ್ ಮಾಡುವಾಗಲೇ ಮಗನಿಂದ ಈ ಪ್ರಶ್ನೆ ಕೇಳಿಸಿದೆ. ಮಾರ್ಗದರ್ಶಿ ಉತ್ತರ ಕಳುಹಿಸಿದರು: ಗಾಡಿ ಓಡುವಾಗ ನಾನು ಮಾತನಾಡುವುದಿಲ್ಲ, ಇಳಿದು ನಿಂತಲ್ಲಿ ಮಾತ್ರ ಮಾತನಾಡುತ್ತೇನೆ, ಸ್ಮಶಾನಕ್ಕೆ, ಸ್ಮಾರಕದ ಚೌಕಕ್ಕೆ ನಡೆದೇ ಹೋಗುತ್ತೇವೆ. ಆ ಮಾತು ನನಗೆ ಸಾಕಾಯಿತು.

ಅಕ್ಟೋಬರ್ ತಿಂಗಳ ಗುರುವಾರ ಬೆಳಿಗ್ಗೆ ಹೊರಟೆವು. ಶನಿವಾರ ಬೇಡ, ಅಂದು ಯಹೂದಿಗಳ ಸಬ್ಬತ್ ಎಂಬ ವಾರದ ವಿಶ್ರಾಂತಿಯ ದಿನ, ರೆಮು ಸಿನಗಾಗ್ ಮತ್ತು ಸ್ಮಶಾನ ಮುಚ್ಚಿರುತ್ತವೆ. ಸೀರೆಯಾಗಲಿ, ಇಳಿಬಿದ್ದ ದುಪಟ್ಟಾವಾಗಲಿ ಆಗದು. ನಾನು ಮಗನ ದಪ್ಪ ಜಾಕೆಟ್, ಪ್ಯಾಂಟು ಹಾಕಿಕೊಂಡೆ. ಕೈಗವಸು ಮರೆತಿದ್ದೆ. ವಿಸ್ತುಲಾ ನದಿಯ ಗಾಳಿಗೆ ಬೆರಳು ಮರಗಟ್ಟಿದಾಗ ಬ್ರೇಕ್ ಹಿಡಿಯುವುದೇ ಕಷ್ಟವಾಯಿತು. ಹೋಗುವವರು ಬೇರೇನು ಮರೆತರೂ ಅದನ್ನು ಮರೆಯಬಾರದು.

ಮೊದಲ ಅರ್ಧ ಗಂಟೆ ಕಲಿಕೆ. ಒಂದು ಕಾಲು ಹಲಗೆಯ ಮೇಲಿಟ್ಟು ಇನ್ನೊಂದರಿಂದ ನೆಲವನ್ನು ಎರಡು ಸಲ ಒದ್ದು, ಗಾಡಿ ಸ್ವಲ್ಪ ಚಲಿಸಿದ ಮೇಲೆ ಬಲಹೆಬ್ಬೆರಳಿನಿಂದ ಸಣ್ಣ ಹಿಡಿಯನ್ನು ಒತ್ತಬೇಕು; ಆಗ ಮೋಟಾರು ಎಳೆದುಕೊಳ್ಳುತ್ತದೆ. ಇಪ್ಪತ್ತು ವರ್ಷ ಸ್ಕೂಟಿ ಓಡಿಸಿದ ಅಭ್ಯಾಸ ನೆರವಿಗೆ ಬರಲಿಲ್ಲ, ತೊಡಕೇ ಆಯಿತು. ಬ್ರೇಕ್ ಹಾಕುವಾಗ ಮೈಯನ್ನು ಹಿಂದಕ್ಕೆ ವಾಲಿಸಿ ಮೊಣಕಾಲು ಸ್ವಲ್ಪ ಮಡಿಸಬೇಕು. ನಾನು ಕೂತವಳ ಹಾಗೆ ನೆಟ್ಟಗೆ ನಿಂತೇ ಇರುತ್ತಿದ್ದೆ. ಪೋಲೆಂಡಿನಲ್ಲಿ 2021ರಿಂದ ಇವುಗಳಿಗೆ ಕಾನೂನಿದೆ: ಸೈಕಲ್ ಪಥದಲ್ಲಿ ಗಂಟೆಗೆ 20 ಕಿಲೋಮೀಟರ್ ಮಿತಿ, ಕಾಲುದಾರಿಗೆ ಹತ್ತಿದರೆ ನಡೆಯುವವರ ವೇಗ, ಒಂದು ಗಾಡಿಗೆ ಒಬ್ಬರೇ. ನಾವು ಬಹುಪಾಲು ನಡಿಗೆಯ ವೇಗದಲ್ಲೇ ಹೋದೆವು. ಕಲ್ಲು ಹಾಸಿದ ಬೀದಿಗಳಲ್ಲಿ ಆ ಪುಟ್ಟ ಚಕ್ರಗಳು ಹಲ್ಲು ಕಟಕಟಿಸುವಷ್ಟು ಅದುರುತ್ತವೆ, ಅಲ್ಲಿ ಇಳಿದು ತಳ್ಳುವುದೇ ಸುಖ.

ಕಾಜಿಮೆಶ್ ಕೇರಿಯಿಂದ ಆರಂಭ. ರಾಜ ಮೂರನೇ ಕಾಸಿಮಿರ್ 1335ರಲ್ಲಿ ಕಟ್ಟಿಸಿದ ಪ್ರತ್ಯೇಕ ಪಟ್ಟಣ ಇದು. 1495ರಲ್ಲಿ ಕ್ರಾಕೋವ್‌ನ ಯಹೂದಿಗಳನ್ನು ಇಲ್ಲಿಗೆ ಕಳುಹಿಸಲಾಯಿತು. ಅಲ್ಲಿಂದ ನಾಲ್ಕೂವರೆ ಶತಮಾನ ಅವರ ಬದುಕು ಇಲ್ಲಿ ಬೇರು ಬಿಟ್ಟಿತು. ಯುದ್ಧಕ್ಕೆ ಮುಂಚೆ ನಗರದ ಪ್ರತಿ ನಾಲ್ವರಲ್ಲಿ ಒಬ್ಬರು ಯಹೂದಿಗಳು. ಈ ಮಾತನ್ನು ಮಾರ್ಗದರ್ಶಿ ಎರಡು ಸಲ ಹೇಳಿದರು. ನಾನು ತರಗತಿಯಲ್ಲಿ ಒಮ್ಮೆಯೂ ಹೇಳಿರಲಿಲ್ಲ. ಯಹೂದಿಗಳು ಎಲ್ಲಿಯೋ ಮೂಲೆಯಲ್ಲಿದ್ದ ಸಣ್ಣ ಗುಂಪು ಎಂದೇ ನನ್ನ ಮಕ್ಕಳು ತಿಳಿದಿರಬೇಕು.

ಶೆರೋಕಾ ಹೆಸರಿಗೆ ಬೀದಿ, ನೋಡಿದರೆ ಉದ್ದನೆಯ ಚೌಕ. ಒಂದು ತುದಿಯಲ್ಲಿ ಹಳೆಯ ಸಿನಗಾಗ್, ಪಕ್ಕದ ಸಾಲಿನಲ್ಲಿ ಹದಿನಾರನೇ ಶತಮಾನದ ರೆಮು ಸಿನಗಾಗ್. ಯಹೂದಿ ಧರ್ಮಶಾಸ್ತ್ರದ ದೊಡ್ಡ ಪಂಡಿತ ಮೋಸೆಸ್ ಇಸ್ಸರ್ಲೆಸ್ 1572ರಲ್ಲಿ ತೀರಿಕೊಂಡರು, ಅವರ ಸಮಾಧಿ ಹಿಂದಿನ ಸ್ಮಶಾನದಲ್ಲಿದೆ. ಸ್ಕೂಟರುಗಳನ್ನು ಹೊರಗೆ ಬಿಟ್ಟು ಒಳಗೆ ಹೋದೆವು. ಗಂಡಸರು ತಲೆಗೆ ಟೊಪ್ಪಿಗೆ ಹಾಕಿಕೊಳ್ಳಬೇಕು. ಒಡೆದುಹೋಗಿ ಮತ್ತೆ ಜೋಡಿಸಲಾಗದ ಸಮಾಧಿಕಲ್ಲುಗಳ ಚೂರುಗಳನ್ನೆಲ್ಲ ಸೇರಿಸಿ ಒಂದು ಗೋಡೆ ಕಟ್ಟಿದ್ದಾರೆ. ಒಂದು ಚೂರಿನಲ್ಲಿ ಅರ್ಧ ಹೆಸರು, ಪಕ್ಕದ್ದರಲ್ಲಿ ಇನ್ಯಾರದೋ ಸಿಂಹದ ಪಂಜ. ಸಮಾಧಿಗಳ ಮೇಲೆ ಹೂವಿಲ್ಲ, ಬಂದವರು ಇಟ್ಟುಹೋದ ಬೆಣಚುಕಲ್ಲುಗಳಿವೆ. ಗಾಡಿಯಲ್ಲಿ ಬಂದ ದಿನ ನನಗೆ ಕಂಡದ್ದು ಈ ಸ್ಮಶಾನದ ಹೊರಗೋಡೆ ಮಾತ್ರ.

ಮ್ಯೋದೋವಾ ಬೀದಿಯ ಟೆಂಪಲ್ ಸಿನಗಾಗ್, ಜರ್ಮನರ ಕಾಲದಲ್ಲಿ ಮದ್ದುಗುಂಡಿನ ಉಗ್ರಾಣವಾಗಿತ್ತು. ಅಲ್ಲಿಂದ ಮುಂದೆ ಮೊರ್ದೆಖಾಯ್ ಗೆಬಿರ್ತಿಗ್ ವಾಸವಿದ್ದ ಬೀದಿ. ಆತ ಬಡಗಿ, ಮರಗೆಲಸ ಮಾಡುತ್ತಲೇ ಅಲ್ಲಿನ ಯಹೂದಿಗಳ ಮನೆಮಾತಾದ ಯಿದ್ದಿಷ್ ಭಾಷೆಯಲ್ಲಿ ಹಾಡು ಕಟ್ಟಿದವನು. ಕಾಯಕ ಮಾಡುತ್ತಲೇ ಹಾಡು ಕಟ್ಟಿದವರು ಕನ್ನಡಿಗರಿಗೆ ಹೊಸಬರಲ್ಲವಲ್ಲ, ಅದಕ್ಕೇ ಏನೋ ನಾನು ಅಲ್ಲಿಂದ ಬೇಗ ಕದಲಲಿಲ್ಲ. 1942ರ ಜೂನ್ 4ರಂದು, ಘೆಟ್ಟೊದಿಂದ, ಅಂದರೆ ಜರ್ಮನರು ಯಹೂದಿಗಳನ್ನು ಕೂಡಿಹಾಕಿದ್ದ ಗೋಡೆ ಸುತ್ತಿದ ಕೇರಿಯಿಂದ, ಜನರನ್ನು ಬೆಲ್ಜೆಟ್ಸ್ ಎಂಬ ಹತ್ಯಾ ಶಿಬಿರಕ್ಕೆ ಸಾಗಿಸುತ್ತಿದ್ದಾಗ, ಆತನನ್ನು ಗುಂಡಿಟ್ಟು ಕೊಂದರು.

ಆಮೇಲೆ ಹೊಳೆ. ಕಾಜಿಮೆಶ್‌ನಿಂದ ಆಚೆ ದಡದ ಪೊದ್‌ಗುಜೆಗೆ ಬೆರ್ನಾತೆಕ್ ಎಂಬ ಕಾಲುಸೇತುವೆ ಇದೆ. ಹೊಸದು, 2010ರದ್ದು, ಪ್ರೇಮಿಗಳು ಕಟ್ಟಿದ ಬೀಗಗಳ ಗೊಂಚಲು ಅದರ ಕಂಬಿಗಳಿಗೆ. ಸೇತುವೆ ದಾಟಲು ಎರಡು ನಿಮಿಷ ಹಿಡಿಯಿತೋ ಇಲ್ಲವೋ. ಮಾರ್ಗದರ್ಶಿ ಆಚೆ ದಡದಲ್ಲಿ ನಿಲ್ಲಿಸಿ, "ನೀವು ಈಗ ಬಂದಷ್ಟೇ ದೂರ" ಎಂದರು. 1941ರ ಮಾರ್ಚ್ 3ರಂದು ಘೆಟ್ಟೊ ಸ್ಥಾಪನೆಯ ಆದೇಶ ಹೊರಟಿತು. ನಗರದಲ್ಲಿ ಉಳಿದಿದ್ದ ಯಹೂದಿಗಳು ಮಾರ್ಚ್ 20ರೊಳಗೆ ಮಂಚ, ಪಾತ್ರೆ, ಹಾಸಿಗೆಗಳನ್ನು ಕೈಗಾಡಿಯಲ್ಲಿ ಹೇರಿಕೊಂಡು ಹೊಳೆ ದಾಟಬೇಕಾಯಿತು. ಸುಮಾರು 3 ಸಾವಿರ ಜನ ವಾಸವಿದ್ದ ಜಾಗಕ್ಕೆ 15 ಸಾವಿರಕ್ಕೂ ಹೆಚ್ಚು ಜನರನ್ನು ತುಂಬಿದರು.

ಪುಸ್ತಕದಲ್ಲಿ ಓದಿದಾಗ 'ಸ್ಥಳಾಂತರ' ಎಂಬ ಪದ ಬಹುದೂರದ ಪ್ರಯಾಣವೊಂದನ್ನು ಕಣ್ಣಮುಂದೆ ತರುತ್ತದೆ. ಸ್ಕೂಟರು ನನಗೆ ಕೊಟ್ಟ ದೊಡ್ಡ ಅರಿವು ಇದು: ಇಲ್ಲಿ ಯಾವುದೂ ದೂರವಿಲ್ಲ. ಸಿನಗಾಗ್‌ನಿಂದ ಘೆಟ್ಟೊಗೆ, ಘೆಟ್ಟೊದಿಂದ ಕಾರ್ಖಾನೆಗೆ, ಅಲ್ಲಿಂದ ಶಿಬಿರಕ್ಕೆ ಎಲ್ಲವೂ ಒಂದು ಬೆಳಗಿನಲ್ಲಿ ಮುಗಿಯುವ ದಾರಿ. ನಡೆದಿದ್ದರೆ ನನ್ನ ಮಂಡಿನೋವಿಗೆ ಎರಡು ದಿನ ಬೇಕಾಗುತ್ತಿತ್ತು, ಜಾಗಗಳು ಬಿಡಿಬಿಡಿಯಾಗಿ ಉಳಿಯುತ್ತಿದ್ದವು. ನಿಂತ ಕಾಲಿನಲ್ಲಿ, ಬೀದಿಯ ಏರು ತಿರುವುಗಳು ಪಾದಕ್ಕೆ ತಾಗುತ್ತ ಹೋದಾಗ ಅವು ಒಂದೇ ನೂಲಿನಲ್ಲಿ ಪೋಣಿಸಿಕೊಂಡವು.

ಲ್ವೋಫ್‌ಸ್ಕಾ ಬೀದಿಯಲ್ಲಿ ಘೆಟ್ಟೊ ಗೋಡೆಯ ಒಂದು ತುಣುಕು ಉಳಿದಿದೆ. ಅದರ ನೆತ್ತಿ ಸಾಲಾಗಿ ಕಮಾನು ಕಮಾನಾಗಿದೆ. ರೆಮು ಸ್ಮಶಾನದಲ್ಲಿ ಅದೇ ಬೆಳಿಗ್ಗೆ ನೋಡಿದ್ದ ಸಮಾಧಿಕಲ್ಲಿನ ಆಕಾರ! ಬದುಕಿದ್ದವರ ಸುತ್ತ ಗೋರಿಯ ಆಕಾರದ ಗೋಡೆ ಎಬ್ಬಿಸಿದ್ದರು. ಇನ್ನೊಂದು ತುಣುಕು ಲಿಮನೋಫ್‌ಸ್ಕಿ ಬೀದಿಯ ಒಂದು ಶಾಲೆಯ ಹಿಂಬದಿಯಲ್ಲಿದೆ. ನಾವು ಹೋದಾಗ ಆಟದ ಬಿಡುವಿನ ಗದ್ದಲ ಕೇಳಿಸುತ್ತಿತ್ತು. ನಾನು ಆ ಗೋಡೆಗೆ ಕೈ ತಾಗಿಸಿದೆ, ಒರಟು, ತಣ್ಣಗೆ. ಘೆಟ್ಟೊದ ಅನಾಥಾಲಯದ ಮಕ್ಕಳನ್ನು 1942ರ ಅಕ್ಟೋಬರಿನಲ್ಲಿ ಕರೆದೊಯ್ದರು ಎಂದು ಮಾರ್ಗದರ್ಶಿ ಹೇಳಿ ಸುಮ್ಮನಾದರು. ಅವರು ಹೆಚ್ಚು ಹೇಳದಿದ್ದುದು ಒಳ್ಳೆಯದಾಯಿತು.

ಘೆಟ್ಟೊ ವೀರರ ಚೌಕಕ್ಕೆ ಬರುವಾಗ ನನ್ನ ಮುಂದಿನ ಚಕ್ರ ಟ್ರ್ಯಾಮ್ ಹಳಿಯ ಸಂದಿನಲ್ಲಿ ಸಿಕ್ಕಿಕೊಂಡಿತು. ಬೀಳಲಿಲ್ಲ, ಹಾರಿ ಇಳಿದೆ, ಅಂಗೈ ತರಚಿತು. ಹಳಿಯನ್ನು ಯಾವಾಗಲೂ ಅಡ್ಡಕ್ಕೆ ನೇರವಾಗಿ ದಾಟಬೇಕು, ಓರೆಯಾಗಿ ಅಲ್ಲ. ಆಗ ಮಾರ್ಗದರ್ಶಿ ಆ ಹಳಿಗಳನ್ನು ತೋರಿಸಿ ಹೇಳಿದ ಸಂಗತಿ ತರಚು ಗಾಯವನ್ನು ಮರೆಸಿತು. ಘೆಟ್ಟೊ ಇದ್ದ ಕಾಲದಲ್ಲೂ ಟ್ರ್ಯಾಮ್ ಅದರ ನಡುವೆಯೇ ಓಡುತ್ತಿತ್ತಂತೆ. ಒಳಗೆ ನಿಲ್ದಾಣವಿಲ್ಲ, ಒಂದು ಕಡೆ ಒಳಹೊಕ್ಕು ಇನ್ನೊಂದು ಕಡೆ ಹೊರಬೀಳುತ್ತಿತ್ತು. ಜನ ಅದರಲ್ಲಿ ಕೆಲಸಕ್ಕೆ ಹೋಗಿ ಬರುತ್ತಿದ್ದರು.

ಚೌಕದ ತುಂಬ ಕುರ್ಚಿಗಳು. ಲೋಹದವು, ಖಾಲಿ, ಒಂದಕ್ಕೊಂದು ದೂರ ದೂರ. ಎಪ್ಪತ್ತರಷ್ಟಿವೆ, 2005ರಲ್ಲಿ ಇಟ್ಟದ್ದು. ಜನರನ್ನು ಗುಂಪುಗೂಡಿಸಿ ಸಾಗಿಸಿದ ಜಾಗ ಇದು. ಅವರು ಹೋದ ಮೇಲೆ ಚೌಕದಲ್ಲಿ ಉಳಿದದ್ದು ಅವರ ಕುರ್ಚಿ, ಮೇಜು, ಕಪಾಟುಗಳು. 1943ರ ಮಾರ್ಚ್ 13 ಮತ್ತು 14ರಂದು ಘೆಟ್ಟೊವನ್ನು ಬರಿದು ಮಾಡಿದರು. ದುಡಿಯಬಲ್ಲವರನ್ನು ಪ್ವಾಶುಫ್ ಎಂಬ ದುಡಿಮೆಯ ಶಿಬಿರಕ್ಕೆ ಅಟ್ಟಿದರು, ಸುಮಾರು 2 ಸಾವಿರ ಜನರನ್ನು ಇದೇ ಬೀದಿಗಳಲ್ಲಿ ಕೊಂದರು, ಉಳಿದವರನ್ನು ಆಶ್‌ವಿಟ್ಜ್ ಎಂಬ ಹತ್ಯಾ ಶಿಬಿರಕ್ಕೆ ಸಾಗಿಸಿದರು. ಅಂಚಿನ ಸಣ್ಣ ಕುರ್ಚಿಗಳ ಮೇಲೆ ಇಂದು ಟ್ರ್ಯಾಮ್ ಕಾಯುವವರು ಕೂರುತ್ತಾರೆ. ನನಗೆ ಮೊದಲು ಅದು ಸರಿ ಕಾಣಲಿಲ್ಲ. ತರಕಾರಿ ಚೀಲ ಹಿಡಿದ ಮುದುಕಿಯೊಬ್ಬರು ಕೂತು ದಣಿವಾರಿಸಿಕೊಳ್ಳುವುದನ್ನು ನೋಡಿದ ಮೇಲೆ, ಕುರ್ಚಿ ಇರುವುದೇ ಅದಕ್ಕಲ್ಲವೇ ಅನ್ನಿಸಿತು.

ಚೌಕದ ಮೂಲೆಯಲ್ಲಿ 'ಹದ್ದಿನ ಔಷಧದಂಗಡಿ'. ಘೆಟ್ಟೊದೊಳಗೆ ಅಂಗಡಿ ಉಳಿಸಿಕೊಂಡ ಒಬ್ಬನೇ ಪೋಲಿಷ್ ಔಷಧ ವ್ಯಾಪಾರಿ ತಾದೆಉಷ್ ಪಾಂಕ್ಯೆವಿಚ್ ನಡೆಸುತ್ತಿದ್ದದ್ದು. ವಯಸ್ಸಾದವರು ಕೆಲಸಕ್ಕೆ ಆಗುವವರಂತೆ ಕಾಣಲಿ ಎಂದು ಕೂದಲ ಬಣ್ಣ, ಅಡಗಿಸಿಟ್ಟ ಮಕ್ಕಳು ಅಳದಿರಲಿ ಎಂದು ನಿದ್ದೆಯ ಔಷಧ ಇಲ್ಲಿಂದ ಹೋಗುತ್ತಿತ್ತು. ಜೊತೆಗೆ ಮೂವರು ಹೆಣ್ಣುಮಕ್ಕಳು ಕೆಲಸಕ್ಕಿದ್ದರು: ಇರೆನಾ ದ್ರೊಜ್ದಿಕೋಫ್‌ಸ್ಕಾ, ಹೆಲೆನಾ ಕ್ರಿವಾನ್ಯುಕ್, ಔರೆಲಿಯಾ ದಾನೆಕ್. ಪ್ರತಿದಿನ ಹೊರಗಿನಿಂದ ಕಾವಲು ದಾಟಿ ಬಂದು, ಸುದ್ದಿ, ಪತ್ರಗಳನ್ನು ಹೊತ್ತು ತಂದವರು. ಈಗ ಅದು ವಸ್ತುಸಂಗ್ರಹಾಲಯ. ಸ್ಕೂಟರ್ ಪ್ರವಾಸದಲ್ಲಿ ಹತ್ತು ನಿಮಿಷ ಹೊರಗೆ ನಿಂತೆವು. ಮರುದಿನ ನಾನೊಬ್ಬಳೇ ಬಂದು ಅಲ್ಲಿನ ಖಾನೆಗಳನ್ನು ಒಂದೊಂದಾಗಿ ಎಳೆದು ನೋಡುತ್ತ ಮಧ್ಯಾಹ್ನವೆಲ್ಲ ಕಳೆದೆ.

ಲಿಪೋವಾ ಬೀದಿಯ 4ನೇ ಸಂಖ್ಯೆಯ, ಜರ್ಮನ್ ಉದ್ಯಮಿ ಆಸ್ಕರ್ ಷಿಂಡ್ಲರ್‌ನ ಕಾರ್ಖಾನೆಗೆ ಅಲ್ಲಿಂದ ಒಂದು ಕಿಲೋಮೀಟರೂ ಇಲ್ಲ. ಎನಾಮೆಲ್ ಪಾತ್ರೆಗಳ ಕಾರ್ಖಾನೆ. ಕೆಲಸಕ್ಕಿಟ್ಟುಕೊಂಡು ಆತ ಸಾವಿನಿಂದ ಉಳಿಸಿದ ಸುಮಾರು 1,200 ಯಹೂದಿಗಳಲ್ಲಿ ಹಲವರ ಭಾವಚಿತ್ರಗಳು ಮುಂಭಾಗದ ಕಿಟಕಿಗಳಲ್ಲಿವೆ. ಎಲ್ಲರಿಗೂ ಗೊತ್ತಿರುವ ಕತೆ, ನಾನು ಬೆಳೆಸುವುದಿಲ್ಲ. ಒಳಗೆ ಹೋಗಲು ಟಿಕೆಟನ್ನು ಕೆಲವು ದಿನ ಮೊದಲೇ ಕೊಳ್ಳಬೇಕು.

ಪ್ವಾಶುಫ್ ಈ ಪ್ರವಾಸದ ಭಾಗವಾಗಿರಲಿಲ್ಲ. ಭಾನುವಾರ ಮಗನೊಂದಿಗೆ ಹೋದೆ, ಚೌಕದಿಂದ ಎರಡು-ಮೂರು ಕಿಲೋಮೀಟರ್. ಎರಡು ಯಹೂದಿ ಸ್ಮಶಾನಗಳನ್ನು ಅಗೆದು, ಅವುಗಳ ಕಲ್ಲುಗಳನ್ನೇ ದಾರಿಗೆ ಹಾಸಿ ಕಟ್ಟಿದ ಶಿಬಿರ. ಇಂದು ಹುಲ್ಲುಗಾವಲು, ದಿಬ್ಬಗಳು, ಮೇಲೆ 1964ರ ದೊಡ್ಡ ಸ್ಮಾರಕ: ಎದೆಯ ಮಟ್ಟದಲ್ಲಿ ಅಡ್ಡಲಾಗಿ ಸೀಳಿದ ಕಲ್ಲಿನ ಮನುಷ್ಯರು. ಮಗ ಬಾಡಿಗೆ ಸ್ಕೂಟರಿನಲ್ಲಿ ಹೋಗೋಣವೇ ಎಂದು ಕೇಳಿದ್ದ. ಅಲ್ಲಿಗೆ ಬೇಡ ಎಂದೆ. ನಿಧಾನವಾಗಿ, ಅವನ ತೋಳು ಹಿಡಿದು ನಡೆದೆ.

ಊರಿಗೆ ಬಂದ ಮೇಲೆ ಈಗ ನನ್ನ ಜಾಗದಲ್ಲಿ ಪಾಠ ಮಾಡುವ ಶಿಕ್ಷಕಿಗೆ ಡ್ರಾಯಿಂಗ್ ಹಾಳೆಯ ಮೇಲೆ ಒಂದು ನಕ್ಷೆ ಬಿಡಿಸಿ ಕೊಟ್ಟೆ. ಶೆರೋಕಾ, ಹೊಳೆ, ಗೋಡೆ, ಕುರ್ಚಿಗಳು, ಕಾರ್ಖಾನೆ, ಶಿಬಿರ. ನಡುವೆ ಕೆಂಪು ಗೆರೆಯಲ್ಲಿ ಟ್ರ್ಯಾಮ್ ಹಳಿ. ಅದನ್ನು ತರಗತಿಯಲ್ಲಿ ತೂಗುಹಾಕಿದ ದಿನ ನನ್ನನ್ನೂ ಕರೆದಿದ್ದರು. ಹಿಂದಿನ ಬೆಂಚಿನ ಹುಡುಗಿಯೊಬ್ಬಳು ಎದ್ದು ನಿಂತು ಕೇಳಿದಳು: "ಮಿಸ್, ಟ್ರ್ಯಾಮಿನಲ್ಲಿ ಹೋಗುವವರಿಗೆ ಒಳಗಿನದೆಲ್ಲ ಕಾಣಿಸುತ್ತಿತ್ತೇ?"

"ಕಾಣಿಸುತ್ತಿತ್ತು" ಎಂದೆ.